ಡಬ್ಲಿನ್ ನಗರದ ಗ್ಲಾಸ್ನೆವಿನ್ ಸಮಾಧಿಭೂಮಿ: ಒಂದು ಚಾರಿತ್ರಿಕ ಅವಲೋಕನ

ಮೃತರನ್ನು ಗೌರವದಿಂದ ಮಣ್ಣಿಗೆ ಒಪ್ಪಿಸುವುದು ಮಾನವನ ಅತಿ ಪ್ರಾಚೀನ ಕರ್ತವ್ಯಗಳಲ್ಲೊಂದು. ಕನ್ನಡ ನಾಡಿನ ಊರೂರುಗಳಲ್ಲಿ ನಿಂತಿರುವ ವೀರಗಲ್ಲುಗಳೂ ಮಾಸ್ತಿಕಲ್ಲುಗಳೂ, ಶ್ರವಣಬೆಳಗೊಳದ ಬೆಟ್ಟದ ಮೇಲಿನ ನಿಸಿದಿ ಶಾಸನಗಳೂ ಈ ಮಾತಿಗೆ ಸಾಕ್ಷಿ ನುಡಿಯುತ್ತವೆ. ಪವಿತ್ರ ಗ್ರಂಥವನ್ನು ತೆರೆದರೆ, ಪಿತಾಮಹ ಅಬ್ರಹಾಮನು ಪರದೇಶಿಯಾಗಿದ್ದ ನಾಡಿನಲ್ಲಿ ತನ್ನ ಪತ್ನಿ ಸಾರಳ ದೇಹವನ್ನಿರಿಸಲು ಮಕ್ಪೇಲದ ಹೊಲವನ್ನೂ ಗವಿಯನ್ನೂ ಬೆಳ್ಳಿ ತೂಗಿಕೊಟ್ಟು ಕೊಂಡುಕೊಂಡ ವೃತ್ತಾಂತ ಆದಿಕಾಂಡದಲ್ಲಿ ಎದುರಾಗುತ್ತದೆ. ಹಿತ್ತಿಯರು ಆ ನೆಲವನ್ನು ಉಚಿತವಾಗಿ ಕೊಡಲು ಮುಂದಾದರೂ ಆತ ಒಪ್ಪಲಿಲ್ಲ. ಪೂರ್ಣ ಕ್ರಯವನ್ನು ತೆತ್ತೇ ಪಡೆದನು. ಇನ್ನೊಬ್ಬರ ದಾಕ್ಷಿಣ್ಯದಲ್ಲಿ ದೊರೆತ ಸಮಾಧಿಗೂ ತನ್ನದೇ ನೆಲದ ಸಮಾಧಿಗೂ ಇರುವ ಅಂತರವನ್ನು ಆ ವೃದ್ಧನು ಚೆನ್ನಾಗಿ ಬಲ್ಲವನಾಗಿದ್ದನು.

ಇದೇ ಅಂತರವನ್ನು ಕಷ್ಟದಿಂದ ಅರಿತು, ತಮ್ಮ ಮೃತರಿಗಾಗಿ ಸ್ವಂತ ನೆಲವನ್ನು ಸಂಪಾದಿಸಿ, ಅದನ್ನು ತಮಗಷ್ಟೇ ಮೀಸಲಿಡದೆ ಸಕಲರಿಗೂ ತೆರೆದಿಟ್ಟ ಒಂದು ಜನತೆಯ ಕಥೆಯನ್ನು ಪ್ರಸ್ತುತ ಲೇಖನದಲ್ಲಿ ನಿರೂಪಿಸಲು ಯತ್ನಿಸಲಾಗಿದೆ. ಆ ಜನರು ಐರ್ಲೆಂಡಿನ ಕಥೋಲಿಕರು. ಆ ನೆಲ, ಡಬ್ಲಿನ್ ನಗರದ ಉತ್ತರದ ಹೊರವಲಯದಲ್ಲಿರುವ ಗ್ಲಾಸ್ನೆವಿನ್ ಸಮಾಧಿಭೂಮಿ.

ಸ್ವಂತ ನೆಲವಿಲ್ಲದ ಜನ

ಹದಿನಾರನೆಯ ಶತಮಾನದ ಮತಸುಧಾರಣೆಯ ಕಾಲದಲ್ಲಿ ಐರ್ಲೆಂಡಿನ ದೇವಾಲಯಗಳೂ ಅವುಗಳ ಅಂಗಳದ ಸಮಾಧಿಭೂಮಿಗಳೂ ಸರ್ಕಾರದ ಮನ್ನಣೆ ಪಡೆದ ಪ್ರಾಟೆಸ್ಟಂಟ್ ಸಭೆಯ ವಶವಾದವು. ನಾಡಿನ ಬಹುಸಂಖ್ಯಾತರು ಮಾತ್ರ ತಮ್ಮ ಪೂರ್ವಿಕರ ಕಥೋಲಿಕ ವಿಶ್ವಾಸದಲ್ಲೇ ಉಳಿದರು. ಹದಿನೇಳನೆಯ ಶತಮಾನದ ಕೊನೆಯಿಂದ ಮೊದಲಾಗಿ ಅವರ ಮೇಲೆ 'ದಂಡನಾ ಕಾನೂನು'ಗಳ ಸರಮಾಲೆಯೇ ಬಂದೆರಗಿತು. ಕಥೋಲಿಕನು ಶಾಸನಸಭೆಯನ್ನು ಪ್ರವೇಶಿಸುವಂತಿರಲಿಲ್ಲ, ಭೂಮಿಯನ್ನು ಸ್ವತಂತ್ರವಾಗಿ ಕೊಳ್ಳುವಂತಿರಲಿಲ್ಲ, ಶಾಲೆಯನ್ನು ತೆರೆಯುವಂತಿರಲಿಲ್ಲ. 1697ರ ಕಾನೂನೊಂದು ಧರ್ಮಾಧ್ಯಕ್ಷರನ್ನೂ ಮಠವಾಸಿ ಗುರುಗಳನ್ನೂ ದೇಶದಿಂದ ಹೊರದೂಡಿದ್ದಲ್ಲದೆ, ಪಾಳುಬಿದ್ದ ಮಠಗಳ ಆವರಣದಲ್ಲಿ ಶವಗಳನ್ನು ಹೂಳುವುದನ್ನೂ ನಿಷೇಧಿಸಿ, ಮೀರಿದವರಿಗೆ 10 ಪೌಂಡುಗಳ ದಂಡವನ್ನು ವಿಧಿಸಿತು. ಬದುಕಿನ ಹಕ್ಕುಗಳನ್ನು ಕಿತ್ತುಕೊಂಡ ಕಾನೂನು ಸಾವಿನ ನೆರಳನ್ನೂ ಬಿಡಲಿಲ್ಲವೆಂಬುದು ಇದರಿಂದ ವಿದಿತವಾಗುತ್ತದೆ.

ಹೀಗಾಗಿ ಕಥೋಲಿಕರು ತಮ್ಮ ಮೃತರನ್ನು ಪ್ರಾಟೆಸ್ಟಂಟ್ ದೇವಾಲಯದ ಅಂಗಳದಲ್ಲಿಯೇ, ಅಲ್ಲಿನ ಪಾದ್ರಿಗೆ ಸಲ್ಲಬೇಕಾದ ಶುಲ್ಕವನ್ನು ಸಲ್ಲಿಸಿ, ಹೂಳಬೇಕಾಯಿತು. ಕಡುಬಡವರಿಗೆ ಡಬ್ಲಿನ್ನಿನ ಪಶ್ಚಿಮದಲ್ಲಿ, ಕಿಲ್ಮೇನ್‌ಹ್ಯಾಮಿನ ಬಳಿಯಿದ್ದ 'ಬುಲ್ಲೀಸ್ ಏಕರ್' ಎಂಬ ಬಯಲೇ ಗತಿಯಾಗಿತ್ತು. ಕಥೋಲಿಕ ಗುರುಗಳು ಸಾಮಾನ್ಯವಾಗಿ ಮೃತನ ಮನೆಯಲ್ಲೇ ಪ್ರಾರ್ಥನೆಗಳನ್ನು ಮುಗಿಸಿ, ಒಂದು ಹಿಡಿ ಮಣ್ಣನ್ನು ಆಶೀರ್ವದಿಸಿ ಶವಪೆಟ್ಟಿಗೆಯೊಡನೆ ಇರಿಸುತ್ತಿದ್ದರು. ಸಮಾಧಿಯ ಬಳಿ ನಿಂತು ಪ್ರಾರ್ಥಿಸಬೇಕಾದಲ್ಲಿ ಮೆಲುದನಿಯಲ್ಲಿ, ವಿಧಿಯುಡುಪುಗಳಿಲ್ಲದೆ, ಯಾರ ಕಣ್ಣಿಗೂ ಬೀಳದಂತೆ ಪ್ರಾರ್ಥಿಸುತ್ತಿದ್ದರು. ಮೃತರಿಗಾಗಿ ಮಾಡುವ ಪ್ರಾರ್ಥನೆ ಅವರ ಆತ್ಮಗಳಿಗೆ ಸಹಾಯಕವೆಂದು ನಂಬಿದ ಜನರಿಗೆ ಇದು ಎಂತಹ ಸಂಕಟವೆಂಬುದನ್ನು ನಮ್ಮ ವಾಚಕರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಸಂತ ಕೆವಿನರ ಅಂಗಳದಲ್ಲಿ ನಡೆದ ಘಟನೆ

ಡಬ್ಲಿನ್ನಿನ ಸಂತ ಕೆವಿನರ ದೇವಾಲಯ ಪ್ರಾಟೆಸ್ಟಂಟರ ವಶದಲ್ಲಿದ್ದರೂ, ಅದರ ಅಂಗಳ ಕಥೋಲಿಕರಿಗೆ ಪೂಜ್ಯವಾಗಿತ್ತು. ವಿಶ್ವಾಸಕ್ಕಾಗಿ 1584ರಲ್ಲಿ ಗಲ್ಲಿಗೇರಿದ ಮಹಾಧರ್ಮಾಧ್ಯಕ್ಷ ಡರ್ಮಟ್ ಓಹರ್ಲಿಯವರ ದೇಹವನ್ನು ಅಲ್ಲಿಯೇ ಹೂಳಲಾಗಿತ್ತು. (1992ರಲ್ಲಿ ಅವರನ್ನು ಪುನೀತರ ಸಾಲಿಗೆ ಸೇರಿಸಲಾಯಿತು.) ರಕ್ತಸಾಕ್ಷಿಯ ಸನ್ನಿಧಿಯಲ್ಲಿ ತಮಗೂ ಒಂದಷ್ಟು ಮಣ್ಣು ದೊರೆಯಲೆಂದು ಅನೇಕ ಕಥೋಲಿಕ ಕುಟುಂಬಗಳು ಹಂಬಲಿಸುತ್ತಿದ್ದವು.

1823ರ ಸೆಪ್ಟೆಂಬರಿನಲ್ಲಿ ಆರ್ಥರ್ ಡಾರ್ಸಿ ಎಂಬ ಕಥೋಲಿಕ ನಾಗರಿಕರ ಅಂತ್ಯಸಂಸ್ಕಾರ ಆ ಅಂಗಳದಲ್ಲಿ ಏರ್ಪಟ್ಟಿತು. ಗುರುಗಳಾದ ಡಾಕ್ಟರ್ ಮೈಕೇಲ್ ಬ್ಲೇಕ್‌ರವರು ತಲೆಯ ಮೇಲಿನ ಟೋಪಿಯನ್ನು ತೆಗೆದು ಪ್ರಾರ್ಥನೆಯನ್ನು ಆರಂಭಿಸುವಷ್ಟರಲ್ಲಿ ದೇವಾಲಯದ ಪಾರುಪತ್ಯಗಾರನು ಮುಂದೆ ಬಂದು ಅವರನ್ನು ತಡೆದನು. ಇಲ್ಲಿ ಪ್ರಾರ್ಥಿಸಲು ಅನುಮತಿಯಿಲ್ಲವೆಂದು ತಿಳಿಸಿದನು. ನೆರೆದಿದ್ದ ಬಂಧುಮಿತ್ರರು ಕ್ಷೋಭೆಗೊಂಡರಾದರೂ ಶಾಂತಿಭಂಗವಾಗಲಿಲ್ಲ. ಆದರೆ ಸುದ್ದಿ ಮಾತ್ರ ಅತಿಶೀಘ್ರದಲ್ಲಿ ನಗರವನ್ನೆಲ್ಲ ವ್ಯಾಪಿಸಿತು. ಶತಮಾನಕ್ಕೂ ಮೀರಿ ಮೌನವಾಗಿ ಸಹಿಸಿದ ಅವಮಾನ ಆ ಒಂದು ದಿನದಂದು ಮಾತಾಗಿ ಹೊರಹೊಮ್ಮಿತು.

ಅದೇ ವರ್ಷ 'ಕಥೋಲಿಕ ಸಂಘ'ವನ್ನು ಕಟ್ಟಿದ್ದ ನ್ಯಾಯವಾದಿ ಡೇನಿಯಲ್ ಓಕಾನಲ್‌ರವರು ಈ ವಿಷಯವನ್ನು ಕೈಗೆತ್ತಿಕೊಂಡರು. 1775ರಲ್ಲಿ ಕೆರಿ ಪ್ರಾಂತದಲ್ಲಿ ಜನಿಸಿದ ಅವರು ಸ್ವದೇಶದಲ್ಲಿ ಕಥೋಲಿಕ ವಿದ್ಯಾಭ್ಯಾಸಕ್ಕೆ ಅವಕಾಶವಿಲ್ಲದ್ದರಿಂದ ಫ್ರಾನ್ಸಿನಲ್ಲಿ ಓದಿದವರು. ರಕ್ತಪಾತವನ್ನು ಒಪ್ಪದೆ ನ್ಯಾಯಮಾರ್ಗದಲ್ಲಿಯೇ ಹಕ್ಕುಗಳನ್ನು ಗಳಿಸಬೇಕೆಂದು ನಂಬಿದವರು. ಸಮಾಧಿಯ ಬಳಿ ಮೃತರಿಗಾಗಿ ಪ್ರಾರ್ಥಿಸುವುದನ್ನು ನಿಷೇಧಿಸುವ ಯಾವುದೇ ಕಾನೂನು ವಸ್ತುತಃ ಇಲ್ಲವೆಂದು ಅವರು ತಮ್ಮ ಕಾನೂನು ಅಭಿಪ್ರಾಯದಲ್ಲಿ ಸ್ಪಷ್ಟಪಡಿಸಿದರು. ಜನರು ಇಷ್ಟು ಕಾಲ ಅಂಜಿದ್ದು ಲಿಖಿತ ಕಾನೂನಿಗಲ್ಲ, ರೂಢಿಯ ದರ್ಪಕ್ಕೆ ಎಂಬುದು ಹೀಗೆ ಬಯಲಾಯಿತು.

ಮೈಸೂರಿಗೆ ಪರಿಚಿತವಾದ ಎರಡು ಹೆಸರುಗಳು

ಈ ಸಂದರ್ಭದಲ್ಲಿ ಕನ್ನಡಿಗರು ಗಮನಿಸಬೇಕಾದ ಸ್ವಾರಸ್ಯವೊಂದಿದೆ. ಆಗ ಐರ್ಲೆಂಡಿನಲ್ಲಿ ದೊರೆಯ ಪ್ರತಿನಿಧಿಯಾಗಿದ್ದವನು ರಿಚರ್ಡ್ ವೆಲ್ಲೆಸ್ಲಿ. 1799ರಲ್ಲಿ ಭಾರತದ ಗವರ್ನರ್ ಜನರಲ್ ಆಗಿದ್ದು, ಟಿಪ್ಪು ಸುಲ್ತಾನನ ಮೇಲೆ ನಾಲ್ಕನೆಯ ಮೈಸೂರು ಯುದ್ಧವನ್ನು ಸಾರಿದವನು ಇವನೇ. ಅವನ ಆಡಳಿತಾವಧಿಯಲ್ಲಿ, 1824ರಲ್ಲಿ, ಪಾರ್ಲಿಮೆಂಟು ಸಮಾಧಿ ವಿಧಿಗಳಿಗೆ ಸಂಬಂಧಪಟ್ಟ ಕಾಯಿದೆಯೊಂದನ್ನು ಅಂಗೀಕರಿಸಿತು. ಅದರ ಪ್ರಕಾರ ಕಥೋಲಿಕ ಗುರುಗಳು ಪ್ರಾಟೆಸ್ಟಂಟ್ ಅಂಗಳದಲ್ಲಿ ಪ್ರಾರ್ಥನೆ ಸಲ್ಲಿಸಬಹುದಾಗಿತ್ತು. ಆದರೆ ಪ್ರತಿಯೊಂದು ಸಲವೂ ಅಲ್ಲಿನ ಪಾದ್ರಿಗೆ ಅರ್ಜಿ ಸಲ್ಲಿಸಿ ಅಪ್ಪಣೆ ಪಡೆಯಬೇಕಾಗಿತ್ತು. ಬೇಡಿ ಪಡೆಯುವುದು ಹಕ್ಕಾಗುವುದು ಹೇಗೆ? ಕಥೋಲಿಕರಿಗೆ ಈ ಏರ್ಪಾಡು ತೃಪ್ತಿ ತರಲಿಲ್ಲ. ಸ್ವಂತ ಸಮಾಧಿಭೂಮಿಯೊಂದೇ ಈ ಸಂಕಟಕ್ಕೆ ಪರಿಹಾರವೆಂದು ಓಕಾನಲ್‌ರವರು ನಿರ್ಧರಿಸಿದರು.

1824ರಲ್ಲಿ ಕಥೋಲಿಕ ಸಂಘವು ತಿಂಗಳಿಗೊಂದು ಪೆನ್ನಿಯ ವಂತಿಗೆಯನ್ನು ಎತ್ತಲಾರಂಭಿಸಿತು. ದೇವಾಲಯದ ಬಾಗಿಲಲ್ಲಿ, ರೈತನ ಗುಡಿಸಲಲ್ಲಿ, ಕೂಲಿಯವನ ಕೈಯಲ್ಲಿ ಕೂಡಿದ ಈ ಬಿಡಿಗಾಸುಗಳೇ ಮಹತ್ತರವಾದ ಆಂದೋಲನಕ್ಕೆ ಬಲವಾದವು. 1828ರಲ್ಲಿ ಕ್ಲೇರ್ ಕ್ಷೇತ್ರದಿಂದ ಓಕಾನಲ್‌ರವರು ಪಾರ್ಲಿಮೆಂಟಿಗೆ ಆಯ್ಕೆಯಾದರು. ಕಥೋಲಿಕನಾದ ಕಾರಣ ಅವರು ಅಲ್ಲಿ ಆಸೀನರಾಗುವಂತಿರಲಿಲ್ಲ. ತಡೆದರೆ ನಾಡಿನಲ್ಲಿ ಕ್ಷೋಭೆ ಉಂಟಾಗುವ ಭಯ. ಕಟ್ಟಕಡೆಗೆ 1829ರ ಏಪ್ರಿಲ್ 13ರಂದು ಕಥೋಲಿಕ ವಿಮೋಚನಾ ಕಾಯಿದೆ ಜಾರಿಗೆ ಬಂದಿತು. ಆಗಿನ ಪ್ರಧಾನಮಂತ್ರಿ ವೆಲಿಂಗ್ಟನ್ನಿನ ಡ್ಯೂಕ್, ಅಂದರೆ ರಿಚರ್ಡನ ತಮ್ಮನಾದ ಆರ್ಥರ್ ವೆಲ್ಲೆಸ್ಲಿ. ಡಬ್ಲಿನ್ನಿನಲ್ಲೇ ಹುಟ್ಟಿ, ಶ್ರೀರಂಗಪಟ್ಟಣದ ಮುತ್ತಿಗೆಯಲ್ಲಿ ಭಾಗವಹಿಸಿ, ಅದರ ಪತನಾನಂತರ ಅಲ್ಲಿಯ ಅಧಿಕಾರವನ್ನು ವಹಿಸಿಕೊಂಡಿದ್ದ ಅದೇ ಸೇನಾನಿ! ಕಥೋಲಿಕರ ಮೇಲಣ ಪ್ರೀತಿಗಿಂತಲೂ ಅಂತರ್ಯುದ್ಧದ ಭೀತಿಯೇ ಆತನನ್ನು ಈ ಕಾಯಿದೆಗೆ ಒಪ್ಪಿಸಿತೆಂಬುದನ್ನು ಚರಿತ್ರೆ ಮರೆಮಾಡಿಲ್ಲ.

ಗೋಲ್ಡನ್‌ಬ್ರಿಜ್‌ನಿಂದ ಗ್ಲಾಸ್ನೆವಿನ್‌ಗೆ

ಅದೇ 1829ರಲ್ಲಿ, ಡಬ್ಲಿನ್ನಿನ ಪಶ್ಚಿಮದ ಗೋಲ್ಡನ್‌ಬ್ರಿಜ್ ಎಂಬಲ್ಲಿ ಕಥೋಲಿಕ ಸಂಘವು ಕೊಂಡ ಚಿಕ್ಕ ಜಮೀನಿನಲ್ಲಿ ಮತಸುಧಾರಣೆಯ ತರುವಾಯದ ಪ್ರಪ್ರಥಮ ಕಥೋಲಿಕ ಸಮಾಧಿಭೂಮಿ ತೆರೆಯಿತು. ರೋಮನ್ ಗುಡಿಯ ಆಕಾರದ ಪ್ರಾರ್ಥನಾಮಂದಿರವೊಂದು ಅದರ ನಡುವೆ ಇಂದಿಗೂ ನಿಂತಿದೆ. ಆದರೆ ಆ ನೆಲ ನಗರದ ಅಗತ್ಯಕ್ಕೆ ಬಹಳ ಕಿರಿದಾಯಿತು. ಇನ್ನೂ ವಿಶಾಲವಾದ ಸ್ಥಳಕ್ಕಾಗಿ ಹುಡುಕಾಟ ನಡೆದು, 1831ರಲ್ಲಿ ಗ್ಲಾಸ್ನೆವಿನ್‌ನಲ್ಲಿ 9 ಎಕರೆ ಜಮೀನನ್ನು ಪಡೆಯಲಾಯಿತು.

ಗ್ಲಾಸ್ನೆವಿನ್ ಕೇವಲ ಹೊರವಲಯದ ಹೊಲವಾಗಿರಲಿಲ್ಲ, ಪುರಾತನ ಪುಣ್ಯಭೂಮಿಯಾಗಿತ್ತು. ಟೋಲ್ಕಾ ನದಿಯ ದಂಡೆಯ ಮೇಲಿನ ಈ ಊರಿನಲ್ಲಿ ಆರನೆಯ ಶತಮಾನದಲ್ಲಿ ಸಂತ ಮೋಬಿಯವರು ಮಠವೊಂದನ್ನು ಸ್ಥಾಪಿಸಿದ್ದರು. ಮುಂದೆ ಸ್ಕಾಟ್ಲೆಂಡಿಗೆ ಶುಭಸಂದೇಶವನ್ನೊಯ್ದ ಸಂತ ಕೊಲಂಬರು ಆ ಮಠದಲ್ಲಿ ವಿದ್ಯಾರ್ಥಿಯಾಗಿದ್ದರೆಂದು ಪರಂಪರೆ ಹೇಳುತ್ತದೆ. ಹತ್ತಿರದಲ್ಲೇ 1795ರಲ್ಲಿ ಸ್ಥಾಪಿತವಾದ ಸಸ್ಯೋದ್ಯಾನವಿದೆ. ಪ್ಯಾರಿಸ್ಸಿನ ಹೊರವಲಯದಲ್ಲಿ 1804ರಲ್ಲಿ ತೆರೆದ ಪೇರ್ ಲಾಶೇಸ್ ಸಮಾಧಿಭೂಮಿಯ ಮಾದರಿ ಆ ವೇಳೆಗೆ ಯೂರೋಪಿನಾದ್ಯಂತ ಪ್ರಸಿದ್ಧವಾಗಿತ್ತು. ದೇವಾಲಯದ ಇಕ್ಕಟ್ಟಾದ ಅಂಗಳವನ್ನು ಬಿಟ್ಟು, ಊರ ಹೊರಗೆ ಮರಗಿಡಗಳ ನಡುವೆ ವಿಶಾಲ ಪ್ರದೇಶದಲ್ಲಿ ಸಾರ್ವಜನಿಕ ಸಮಾಧಿಭೂಮಿಯನ್ನು ನಿರ್ಮಿಸುವ ಆಧುನಿಕ ಪದ್ಧತಿಗೆ ಗ್ಲಾಸ್ನೆವಿನ್ ಕೂಡ ಸೇರಿತು.

1832ರ ಫೆಬ್ರವರಿ 21ರಂದು 'ಪ್ರಾಸ್ಪೆಕ್ಟ್ ಸಮಾಧಿಭೂಮಿ' ಎಂಬ ಹೆಸರಿನಿಂದ ಇದು ತೆರೆಯಿತು. ಮರುದಿನವೇ ಪ್ರಥಮ ಸಮಾಧಿ. ಯಾವ ಶ್ರೀಮಂತನದೂ ಅಲ್ಲ, ಯಾವ ನಾಯಕನದೂ ಅಲ್ಲ. ಫ್ರಾನ್ಸಿಸ್ ಬೀದಿಯ ಮೈಕೇಲ್ ಕೇರಿ ಎಂಬ 11 ವರ್ಷದ ಬಾಲಕನದು. ಎಲ್ಲಕ್ಕೂ ಮಿಗಿಲಾಗಿ ಇಲ್ಲಿ ಸ್ಮರಣೀಯವಾದುದು ಸ್ಥಾಪಕರ ಧೋರಣೆ. ತಮಗೆ ಬಾಗಿಲು ಮುಚ್ಚಿದವರ ಮೇಲೆ ತಾವೂ ಬಾಗಿಲು ಮುಚ್ಚುವುದು ಅವರಿಗೆ ಸುಲಭವಾಗಿತ್ತು. ಆದರೆ ಈ ನೆಲದಲ್ಲಿ ಯಾವ ಧರ್ಮದವರಿಗೂ, ಯಾವ ಧರ್ಮಕ್ಕೂ ಸೇರದವರಿಗೂ ಗೌರವಯುತವಾದ ಸಮಾಧಿ ದೊರೆಯಬೇಕೆಂದು ಓಕಾನಲ್‌ರವರು ಆಶಿಸಿದರು. ಗುಲಾಮಗಿರಿಯನ್ನು ಖಂಡಿಸಿ, ಯೆಹೂದ್ಯರ ಹಕ್ಕುಗಳ ಪರವಾಗಿಯೂ ದನಿಯೆತ್ತಿದ ಆ ಮಹನೀಯರಿಂದ ಬೇರೇನನ್ನು ನಿರೀಕ್ಷಿಸಲು ಸಾಧ್ಯ?

ಕಾವಲುಗೋಪುರಗಳ ಕಥೆ

ಇಂದಿಗೂ ಗ್ಲಾಸ್ನೆವಿನ್ನಿಗೆ ಹೋದವರಿಗೆ ಮೊದಲು ಕಾಣುವುದು ಎತ್ತರವಾದ ಗೋಡೆ ಮತ್ತು ಅದರ ಮೂಲೆಗಳಲ್ಲಿನ ಕಾವಲುಗೋಪುರಗಳು. ಸತ್ತವರಿಗೆ ಕೋಟೆಯೇಕೆ ಎಂದು ಅಚ್ಚರಿಯಾಗಬಹುದು. ಆ ಕಾಲದಲ್ಲಿ ವೈದ್ಯಶಾಲೆಗಳಿಗೆ ಅಂಗರಚನೆಯ ಅಭ್ಯಾಸಕ್ಕಾಗಿ ಶವಗಳು ಬೇಕಾಗಿದ್ದವು. ಮರಣದಂಡನೆಗೆ ಗುರಿಯಾದ ಅಪರಾಧಿಗಳ ದೇಹಗಳ ಹೊರತು ಬೇರೆ ಶವಗಳು ನ್ಯಾಯವಾಗಿ ದೊರೆಯುವುದು ದುರ್ಲಭವಾಗಿತ್ತು. ಆದ್ದರಿಂದ ರಾತ್ರಿಯ ವೇಳೆ ಹೊಸ ಸಮಾಧಿಗಳನ್ನು ಅಗೆದು ಹೆಣಗಳನ್ನು ಕದ್ದು ಮಾರುವ ನೀಚವೃತ್ತಿಯೊಂದು ಬೆಳೆದಿತ್ತು. ಡಬ್ಲಿನ್ನಿನಿಂದ ಸಮುದ್ರದಾಚೆಯ ನಗರಗಳಿಗೂ ಈ ಸರಕು ರವಾನೆಯಾಗುತ್ತಿತ್ತು. ಗ್ಲಾಸ್ನೆವಿನ್ನಿನಲ್ಲಿ ಶಸ್ತ್ರಧಾರಿ ಕಾವಲುಗಾರರೂ ಬೇಟೆನಾಯಿಗಳೂ ಇರುಳೆಲ್ಲ ಪಹರೆ ತಿರುಗುತ್ತಿದ್ದುದು ಈ ಕಾರಣದಿಂದ.

1832ರಲ್ಲಿಯೇ ಅಂಗೀಕೃತವಾದ ಅಂಗರಚನಾ ಕಾಯಿದೆಯು, ವಾರಸುದಾರರಿಲ್ಲದ ಶವಗಳನ್ನು ವೈದ್ಯಶಾಲೆಗಳಿಗೆ ಒಪ್ಪಿಸಲು ಅವಕಾಶವಿತ್ತು, ಕಳ್ಳತನವನ್ನು ಕ್ರಮೇಣ ಇಲ್ಲವಾಗಿಸಿತು. ಕಳ್ಳರ ಭಯವೇನೋ ತಪ್ಪಿತು. ಆದರೆ ವಾರಸುದಾರರಿಲ್ಲದವರೆಂದರೆ ಅನಾಥಾಲಯಗಳಲ್ಲೂ ಬಡವರ ಆಶ್ರಮಗಳಲ್ಲೂ ಕಣ್ಣುಮುಚ್ಚಿದ ನಿರ್ಗತಿಕರೇ ಎಂಬುದನ್ನು ನೆನೆದಾಗ, ಆ ಕಾಲದ ಬಡವರು ಸಾವಿಗಿಂತಲೂ ಅನಾಥಶವವಾಗುವುದಕ್ಕೆ ಏಕೆ ಅಂಜುತ್ತಿದ್ದರೆಂಬುದು ಅರ್ಥವಾಗುತ್ತದೆ.

ಕಾಲರಾ ಮತ್ತು ಕ್ಷಾಮ

ಸಮಾಧಿಭೂಮಿ ತೆರೆದ ಕೆಲವೇ ವಾರಗಳಲ್ಲಿ ಅದರ ಮೊದಲ ಪರೀಕ್ಷೆ ಎದುರಾಯಿತು. 1817ರಲ್ಲಿ ಬಂಗಾಳದಲ್ಲಿ ಭೀಕರ ರೂಪ ತಳೆದು ಹೊರನಾಡುಗಳಿಗೆ ಹಬ್ಬಿದ್ದ ಕಾಲರಾ, ತನ್ನ ಎರಡನೆಯ ಅಲೆಯಲ್ಲಿ ರಷ್ಯಾ, ಜರ್ಮನಿ, ಇಂಗ್ಲೆಂಡುಗಳನ್ನು ದಾಟಿ 1832ರ ವಸಂತದಲ್ಲಿ ಐರ್ಲೆಂಡನ್ನು ಪ್ರವೇಶಿಸಿತು. ಬುಲ್ಲೀಸ್ ಏಕರ್ ಬಯಲು ಹೆಣಗಳಿಂದ ತುಂಬಿ ಅದನ್ನು ಮುಚ್ಚಿಸಬೇಕಾಯಿತು. ಗ್ಲಾಸ್ನೆವಿನ್ನಿನಲ್ಲಿಯೂ ಕಾಲರಾದಿಂದ ಮಡಿದವರಿಗಾಗಿ ಸಾಮೂಹಿಕ ಗುಂಡಿಗಳನ್ನು ತೋಡಲಾಯಿತು.

ಅದಕ್ಕಿಂತಲೂ ಘೋರವಾದುದು 1845ರಲ್ಲಿ ಆರಂಭವಾದ ಮಹಾಕ್ಷಾಮ. ಬಡವರ ಏಕೈಕ ಆಹಾರವಾಗಿದ್ದ ಆಲೂಗೆಡ್ಡೆಯ ಬೆಳೆ ರೋಗಕ್ಕೆ ತುತ್ತಾಗಿ ವರ್ಷದ ಮೇಲೆ ವರ್ಷ ಕೊಳೆತುಹೋಯಿತು. ದೇಶದಿಂದ ಧಾನ್ಯದ ರಫ್ತು ಮಾತ್ರ ನಿಲ್ಲಲಿಲ್ಲ. ಸುಮಾರು 10 ಲಕ್ಷ ಜನ ಹಸಿವಿನಿಂದಲೂ ಜ್ವರದಿಂದಲೂ ಸತ್ತರು. ಅಷ್ಟೇ ಜನ ಹಡಗುಗಳನ್ನೇರಿ ದೇಶಾಂತರ ಹೋದರು. ಹಳ್ಳಿಗಳಿಂದ ಅನ್ನವನ್ನರಸಿ ರಾಜಧಾನಿಗೆ ಬಂದು ಬೀದಿಗಳಲ್ಲಿ ಕುಸಿದವರನ್ನು ಗ್ಲಾಸ್ನೆವಿನ್ ತನ್ನ ಮಡಿಲಿಗೆ ತೆಗೆದುಕೊಂಡಿತು. 1849ರಲ್ಲಿ ಕಾಲರಾ ಮರುಕಳಿಸಿದಾಗ ಹೊರೆ ಮತ್ತಷ್ಟು ಬೆಳೆಯಿತು. ಈ ಸಮಾಧಿಭೂಮಿಯಲ್ಲಿ ಇಂದು ವಿಶ್ರಮಿಸುತ್ತಿರುವ ಸುಮಾರು 15 ಲಕ್ಷ ಜನರಲ್ಲಿ 8 ಲಕ್ಷದಷ್ಟು ಮಂದಿಗೆ ಹೆಸರು ಕೆತ್ತಿದ ಕಲ್ಲಿಲ್ಲ ಎಂಬುದನ್ನು ಕೇಳಿದಾಗ ಮನಸ್ಸು ಭಾರವಾಗುತ್ತದೆ. ಆದರೂ ಒಂದು ಸಮಾಧಾನವಿದೆ. ಅವರಿಗೆ ಕಲ್ಲಿಲ್ಲದಿದ್ದರೂ ದಾಖಲೆಯಿದೆ. ಆಡಳಿತ ಸಮಿತಿಯ ಗುಮಾಸ್ತರು ಸಮಾಧಿ ದಫ್ತರಗಳನ್ನು ತಲೆಮಾರಿನಿಂದ ತಲೆಮಾರಿಗೆ ಬರೆದಿಟ್ಟರು. ದೂರದ ಅಮೆರಿಕ, ಆಸ್ಟ್ರೇಲಿಯಗಳಲ್ಲಿ ನೆಲೆಸಿದ ಐರಿಷ್ ಸಂತತಿಯವರು ಗಣಕಯಂತ್ರಕ್ಕೇರಿಸಲಾಗಿರುವ ಆ ದಫ್ತರಗಳಲ್ಲಿ ತಮ್ಮ ಪೂರ್ವಿಕರ ಹೆಸರುಗಳನ್ನು ಹುಡುಕಿಕೊಳ್ಳುತ್ತಿದ್ದಾರೆ.

ಸ್ಥಾಪಕರ ಪುನರಾಗಮನ

ಕ್ಷಾಮದ ನಡುವೆ, ಜರ್ಜರಿತವಾದ ದೇಹದಿಂದ ರೋಮಾಪುರಿಯ ಯಾತ್ರೆಗೆ ಹೊರಟ ಓಕಾನಲ್‌ರವರು ಗುರಿ ಮುಟ್ಟುವ ಮೊದಲೇ, 1847ರ ಮೇ 15ರಂದು, ಇಟಲಿಯ ಜಿನೋವಾ ನಗರದಲ್ಲಿ ದೈವಾಧೀನರಾದರು. ಅವರ ಇಚ್ಛೆಯಂತೆ ಹೃದಯವನ್ನು ರೋಮಿಗೂ ದೇಹವನ್ನು ಐರ್ಲೆಂಡಿಗೂ ಒಯ್ಯಲಾಯಿತು. ಆಗಸ್ಟ್ ತಿಂಗಳಲ್ಲಿ ಡಬ್ಲಿನ್ನಿನ ಬೀದಿಗಳಲ್ಲಿ ಸಾಗಿದ ಅಂತ್ಯಯಾತ್ರೆ ಅವರೇ ಸಂಪಾದಿಸಿಕೊಟ್ಟ ನೆಲದಲ್ಲಿ ಮುಕ್ತಾಯವಾಯಿತು. ಸಮಾಧಿಯ ಬಳಿ ಪ್ರಾರ್ಥನೆಗಳು ಗಟ್ಟಿಯಾಗಿ, ಸಾಂಗವಾಗಿ ನೆರವೇರಿದವು. ಅವನ್ನು ತಡೆಯುವ ಪಾರುಪತ್ಯಗಾರ ಅಲ್ಲಿರಲಿಲ್ಲ.

ಪ್ರಾಚ್ಯಶೋಧಕ ಜಾರ್ಜ್ ಪೆಟ್ರಿಯವರ ಕಲ್ಪನೆಯಂತೆ, ಪ್ರಾಚೀನ ಐರಿಷ್ ಮಠಗಳ ವೃತ್ತಗೋಪುರದ ಮಾದರಿಯಲ್ಲಿ, 150 ಅಡಿಗೂ ಮೀರಿದ ಶಿಲಾಗೋಪುರವೊಂದು ಅವರ ಸ್ಮಾರಕವಾಗಿ ಎದ್ದಿತು. 1869ರಲ್ಲಿ ಅವರ ದೇಹವನ್ನು ಅದರ ತಳದ ನೆಲಮಾಳಿಗೆಗೆ ಸಾಗಿಸಲಾಯಿತು. ಅಲ್ಲಿಯ ಶಿಲಾವೇದಿಕೆಯ ರಂಧ್ರಗಳ ಮೂಲಕ ಕೈ ಚಾಚಿ ಶವಪೆಟ್ಟಿಗೆಯನ್ನು ಮುಟ್ಟುವ ಪದ್ಧತಿ ಯಾತ್ರಿಕರಲ್ಲಿದೆ. 1971ರಲ್ಲಿ ಬಾಂಬು ಸ್ಫೋಟಕ್ಕೆ ಗುರಿಯಾಗಿ ಗೋಪುರದ ಒಳಗಿನ ಮೆಟ್ಟಿಲುಗಳು ನಾಶವಾದವು. ಸುಮಾರು ಅರ್ಧ ಶತಮಾನ ಮುಚ್ಚಿದ್ದ ಗೋಪುರವನ್ನು ದುರಸ್ತಿಗೊಳಿಸಿ, 198 ಮೆಟ್ಟಿಲುಗಳನ್ನು ಹೊಸದಾಗಿ ಕಟ್ಟಿ, 2018ರಲ್ಲಿ ಮತ್ತೆ ತೆರೆಯಲಾಯಿತು.

ರಾಷ್ಟ್ರದ ಅಂಗಳ

ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಿಂದ ಗ್ಲಾಸ್ನೆವಿನ್ ಐರಿಷ್ ರಾಷ್ಟ್ರೀಯತೆಯ ಅಂಗಳವೇ ಆಯಿತು. 1861ರಲ್ಲಿ, ಅಮೆರಿಕದಲ್ಲಿ ಸತ್ತ ಕ್ರಾಂತಿಕಾರಿ ಟೆರೆನ್ಸ್ ಬೆಲ್ಯೂ ಮಕ್‌ಮ್ಯಾನಸ್‌ರ ದೇಹವನ್ನು ತಾಯ್ನಾಡಿಗೆ ತಂದಾಗ, ಕ್ರಾಂತಿಮಾರ್ಗವನ್ನು ವಿರೋಧಿಸುತ್ತಿದ್ದ ಮಹಾಧರ್ಮಾಧ್ಯಕ್ಷ ಪಾಲ್ ಕಲ್ಲನ್‌ರವರು ಪ್ರಧಾನಾಲಯದಲ್ಲಿ ಅದನ್ನಿರಿಸಲು ಸಮ್ಮತಿಸಲಿಲ್ಲ. ಆದರೆ ಗ್ಲಾಸ್ನೆವಿನ್ನಿನ ದ್ವಾರ ತೆರೆದಿತ್ತು. ಫಾದರ್ ಪ್ಯಾಟ್ರಿಕ್ ಲವೆಲ್ ಎಂಬ ಗುರುಗಳು ಸಮಾಧಿಯ ಬಳಿ ನಿಂತರು. ಪ್ರಾಟೆಸ್ಟಂಟರ ಅಪ್ಪಣೆಯಿಂದ ಬಿಡುಗಡೆ ಹೊಂದಲು ಸಂಪಾದಿಸಿದ ನೆಲ, ಮೇಲಿನವರ ಅಸಮಾಧಾನದ ನಡುವೆಯೂ ಮೃತನಿಗೆ ಸಲ್ಲಬೇಕಾದ ಗೌರವವನ್ನು ಸಲ್ಲಿಸಿತು.

1891ರಲ್ಲಿ, ಪ್ರಾಟೆಸ್ಟಂಟರಾದ ಜನನಾಯಕ ಚಾರ್ಲ್ಸ್ ಸ್ಟುವರ್ಟ್ ಪಾರ್ನೆಲ್‌ರನ್ನು ಇಲ್ಲಿಯೇ ಹೂಳಲಾಯಿತು. ಕಾಲರಾದಿಂದ ಮಡಿದ ಬಡವರ ಗುಂಡಿಗಳಿದ್ದ ಸ್ಥಳದಲ್ಲಿಯೇ ಅವರ ಸಮಾಧಿಯಿದೆ; ಒರಟು ಬಂಡೆಯ ಮೇಲೆ 'ಪಾರ್ನೆಲ್' ಎಂಬ ಒಂದೇ ಪದ. 1915ರ ಆಗಸ್ಟ್ 1ರಂದು ಓಡೊನೊವನ್ ರೋಸಾರವರ ಸಮಾಧಿಯೆದುರು ಪ್ಯಾಟ್ರಿಕ್ ಪಿಯರ್ಸ್ ಮಾಡಿದ ಭಾಷಣ ಮರುವರ್ಷದ ಈಸ್ಟರ್ ದಂಗೆಗೆ ಮುನ್ನುಡಿಯಾಯಿತು. 1922ರ ಅಂತರ್ಯುದ್ಧದಲ್ಲಿ ಪರಸ್ಪರ ಬಂದೂಕು ಹಿಡಿದ ಇಬ್ಬಣದವರೂ ಇಲ್ಲಿದ್ದಾರೆ: ಒಂದು ಕಡೆ ಮೈಕೇಲ್ ಕಾಲಿನ್ಸ್, ಇನ್ನೊಂದು ಕಡೆ ಕಾಹಲ್ ಬ್ರೂ ಮತ್ತು ಹ್ಯಾರಿ ಬೋಲಂಡ್. ಕಾಲಿನ್ಸ್‌ರ ಎದುರಾಳಿಯಾಗಿದ್ದು ಮುಂದೆ ರಾಷ್ಟ್ರಾಧ್ಯಕ್ಷರೂ ಆದ ಈಮನ್ ಡಿ ವಲೇರಾರವರು 1975ರಲ್ಲಿ ಇದೇ ಮಣ್ಣನ್ನು ಸೇರಿದರು. ಜೀವಂತರು ಒಂದುಗೂಡಲಾರದ ಕಡೆ ಮೃತರು ಒಂದುಗೂಡಿದ್ದಾರೆ.

ಈ ಸಾಮರಸ್ಯ ಎಲ್ಲರಿಗೂ ಸಹ್ಯವಾಗಿಲ್ಲವೆಂಬುದನ್ನೂ ಹೇಳಬೇಕು. 1916ರ ದಂಗೆಯಲ್ಲಿ ಸತ್ತ ಬಂಡಾಯಗಾರರು, ನಾಗರಿಕರು ಮತ್ತು ಬ್ರಿಟಿಷ್ ಸೈನಿಕರೆಲ್ಲರ ಹೆಸರುಗಳನ್ನು ಹೊತ್ತ ಗೋಡೆಯೊಂದನ್ನು 2016ರಲ್ಲಿ ಇಲ್ಲಿ ಅನಾವರಣ ಮಾಡಲಾಯಿತು. ವಿರೋಧಿಗಳು ಅದಕ್ಕೆ ಮತ್ತೆಮತ್ತೆ ಹಾನಿ ಮಾಡಿದ್ದರಿಂದ ಕೆಲವು ವರ್ಷಗಳ ಬಳಿಕ ಆ ಸ್ಮಾರಕವನ್ನೇ ಕೈಬಿಡಬೇಕಾಯಿತು.

ವಿಶ್ವಾಸದ ಸಾಕ್ಷಿಗಳು

ಕಥೋಲಿಕ ವಾಚಕರಿಗೆ ಪ್ರಿಯವಾಗುವ ಹೆಸರುಗಳೂ ಇಲ್ಲಿವೆ. ಜೆಸ್ವಿಟ್ ಗುರುವೂ ಶ್ರೇಷ್ಠ ಇಂಗ್ಲಿಷ್ ಕವಿಯೂ ಆಗಿದ್ದ ಜೆರಾರ್ಡ್ ಮ್ಯಾನ್ಲಿ ಹಾಪ್ಕಿನ್ಸ್‌ರವರು 1889ರಲ್ಲಿ ವಿಷಮಶೀತಜ್ವರದಿಂದ ತೀರಿಕೊಂಡು ತಮ್ಮ ಸಭೆಯ ಸಹೋದರರೊಡನೆ ಇಲ್ಲಿ ವಿಶ್ರಮಿಸಿದ್ದಾರೆ. ಬದುಕಿದ್ದಾಗ ಅವರ ಕವಿತ್ವವನ್ನು ಬಲ್ಲವರು ಬೆರಳೆಣಿಕೆಯಷ್ಟು ಮಂದಿ ಮಾತ್ರ. ಮದ್ಯಪಾನದ ದಾಸ್ಯವನ್ನು ಗೆದ್ದು, ಕೂಲಿಕಾರನಾಗಿಯೇ ಉಳಿದು, ಕಠಿಣ ತಪಸ್ಸಿನ ಜೀವನ ನಡೆಸಿದ ಪೂಜ್ಯ ಮ್ಯಾಟ್ ಟಾಲ್ಬಟ್‌ರವರನ್ನು 1925ರಲ್ಲಿ ಇಲ್ಲಿ ಹೂಳಲಾಗಿತ್ತು. 1972ರಲ್ಲಿ ಅವರ ಅವಶೇಷಗಳನ್ನು ನಗರದ ಲೂರ್ದು ಮಾತೆಯ ದೇವಾಲಯಕ್ಕೆ ಸ್ಥಳಾಂತರಿಸಲಾಯಿತು.

ನಮ್ಮ ಧರ್ಮಕೇಂದ್ರಗಳಲ್ಲಿ ಚಿರಪರಿಚಿತವಾದ ಮರಿಯ ಸೇನೆಯ, ಅಂದರೆ ಲೀಜನ್ ಆಫ್ ಮೇರಿಯ, ಸ್ಥಾಪಕರಾದ ಫ್ರ್ಯಾಂಕ್ ಡಫ್‌ರವರ ಸಮಾಧಿಯೂ ಗ್ಲಾಸ್ನೆವಿನ್ನಿನಲ್ಲಿದೆ. ಅವರು ಮರಣಿಸಿದ್ದು 1980ರ ನವೆಂಬರಿನಲ್ಲಿ. ಮರಿಯ ಸೇನೆಯ ಮೊದಲ ಸಭೆ 1921ರ ಸೆಪ್ಟೆಂಬರ್ 7ರಂದು ಸೇರಿದ್ದು ಡಬ್ಲಿನ್ನಿನ ಫ್ರಾನ್ಸಿಸ್ ಬೀದಿಯ ಮನೆಯೊಂದರಲ್ಲಿ. ಈ ಸಮಾಧಿಭೂಮಿಯ ಮೊದಲ ಅತಿಥಿಯಾದ ಬಾಲಕ ಮೈಕೇಲ್ ಕೇರಿಯ ಬೀದಿಯೂ ಅದೇ. ಬಡತನದ ಬೀದಿಯೊಂದು ಒಂದು ತುದಿಯಲ್ಲಿ ಅನಾಮಧೇಯ ಬಾಲಕನನ್ನೂ ಇನ್ನೊಂದು ತುದಿಯಲ್ಲಿ ಜಗದ್ವ್ಯಾಪಿಯಾದ ಸೇವಾಸಂಸ್ಥೆಯನ್ನೂ ಕೊಟ್ಟಿತು.

ಮರೆತವರ ಋಣ

ಶತಮಾನೋತ್ಸವದ ಸಂಚಿಕೆಯಲ್ಲಿ ಹರ್ಷದ ಮಾತುಗಳಷ್ಟೇ ಇರಬೇಕೆಂಬ ನಿಯಮವಿಲ್ಲ. 1993ರಲ್ಲಿ ಡಬ್ಲಿನ್ನಿನ ಹೈ ಪಾರ್ಕ್ ಎಂಬಲ್ಲಿದ್ದ ಕನ್ಯಾಮಠವೊಂದರ ಜಮೀನು ಮಾರಾಟವಾದಾಗ, ಅಲ್ಲಿಯ ಮ್ಯಾಗ್ಡಲಿನ್ ಅಗಸಗಿತ್ತಿಯರ ಆಶ್ರಮದಲ್ಲಿ ದುಡಿದು ಸತ್ತ 155 ಸ್ತ್ರೀಯರ ಅವಶೇಷಗಳನ್ನು ಅಗೆದು ತೆಗೆದು, ಬಹುಪಾಲು ದಹಿಸಿ, ಗ್ಲಾಸ್ನೆವಿನ್ನಿನಲ್ಲಿ ಇರಿಸಲಾಯಿತು. ಅವರಲ್ಲಿ ಹಲವರ ಮರಣವೇ ದಾಖಲಾಗಿರಲಿಲ್ಲ. ಕೆಲವರ ನಿಜನಾಮಧೇಯವೂ ತಿಳಿದಿರಲಿಲ್ಲ. ಈ ಆಶ್ರಮಗಳಲ್ಲಿ ನಡೆದ ಅನ್ಯಾಯಕ್ಕಾಗಿ ಐರ್ಲೆಂಡಿನ ಪ್ರಧಾನಮಂತ್ರಿಗಳು 2013ರಲ್ಲಿ ದೇಶದ ಪರವಾಗಿ ಕ್ಷಮೆ ಯಾಚಿಸಿದರು. ಪ್ರಾರ್ಥನೆಯ ಹಕ್ಕಿಗಾಗಿ ಹೋರಾಡಿದ ಜನರ ನಡುವೆಯೇ ಹೆಸರಿನ ಹಕ್ಕನ್ನು ಕಳೆದುಕೊಂಡ ಹೆಣ್ಣುಮಕ್ಕಳಿದ್ದರೆಂಬ ಸತ್ಯವನ್ನು ನಾವು ತಲೆತಗ್ಗಿಸಿ ಒಪ್ಪಿಕೊಳ್ಳಬೇಕು.

ಹುಟ್ಟುತ್ತಲೇ ಅಸುನೀಗಿದ ಶಿಶುಗಳಿಗಾಗಿ 'ದೇವದೂತರ ಅಂಗಳ' ಎಂದು ಕರೆಯಲಾಗುವ ಭಾಗವೂ ಇಲ್ಲಿದೆ. ಜ್ಞಾನಸ್ನಾನವಿಲ್ಲದೆ ಸತ್ತ ಮಕ್ಕಳನ್ನು ಹಿಂದೆ ಪವಿತ್ರೀಕೃತ ಭೂಮಿಯಲ್ಲಿ ಹೂಳುವ ರೂಢಿಯಿರಲಿಲ್ಲ. ಐರ್ಲೆಂಡಿನ ಹಳ್ಳಿಗಳಲ್ಲಿ ಅಂತಹ ಕೂಸುಗಳನ್ನು ತಂದೆಯರು ರಾತ್ರಿಯ ವೇಳೆ ಹೊಲದ ಅಂಚಿನಲ್ಲಿ ಹೂತು ಬರುತ್ತಿದ್ದರು. 1983ರ ಧರ್ಮಸಭೆಯ ಕಾನೂನು ಸಂಹಿತೆಯಾದರೋ, ಜ್ಞಾನಸ್ನಾನ ಕೊಡಿಸಬೇಕೆಂದು ತಂದೆತಾಯಿಗಳು ಬಯಸಿದ್ದ ಮಕ್ಕಳಿಗೂ ಅಂತ್ಯವಿಧಿಗಳನ್ನು ನೆರವೇರಿಸಲು ಅವಕಾಶ ನೀಡಿದೆ. ತಾಯಂದಿರ ಕಣ್ಣೀರಿಗೆ ಧರ್ಮಸಭೆ ಕೊಟ್ಟ ಉತ್ತರವಿದು.

ಇತ್ತೀಚಿನ ಬೆಳವಣಿಗೆಗಳು

9 ಎಕರೆಗಳಿಂದ ಆರಂಭವಾದ ಗ್ಲಾಸ್ನೆವಿನ್ ಇಂದು 124 ಎಕರೆಗಳಷ್ಟು ವಿಸ್ತರಿಸಿದೆ. ಒಂದು ಕಾಲದ ಹೊರವಲಯವನ್ನು ನಗರ ಸುತ್ತುವರಿದು ತನ್ನೊಳಗೆ ಸೇರಿಸಿಕೊಂಡಿದೆ. ಶವದಹನದ ಮೇಲಿನ ನಿಷೇಧವನ್ನು ಧರ್ಮಸಭೆ 1963ರಲ್ಲಿ ಸಡಿಲಿಸಿದ ತರುವಾಯ, 1982ರಲ್ಲಿ ಐರ್ಲೆಂಡ್ ಗಣರಾಜ್ಯದ ಪ್ರಥಮ ಶವಾಗಾರ ದಹನಮಂದಿರ ಇಲ್ಲಿ ಸ್ಥಾಪಿತವಾಯಿತು. ಕಳೆ ಬೆಳೆದು ಕಲ್ಲುಗಳು ವಾಲಿ ಶಿಥಿಲವಾಗಿದ್ದ ಹಳೆಯ ಭಾಗಗಳನ್ನು ಇಪ್ಪತ್ತನೆಯ ಶತಮಾನದ ಕೊನೆಯ ದಶಕಗಳಿಂದ ಜೀರ್ಣೋದ್ಧಾರಗೊಳಿಸಲಾಯಿತು. 2010ರಲ್ಲಿ ವಸ್ತುಸಂಗ್ರಹಾಲಯವೂ ತೆರೆಯಿತು. 2014ರಲ್ಲಿ ಎರಡು ಮಹಾಯುದ್ಧಗಳಲ್ಲಿ ಮಡಿದ ಐರಿಷ್ ಸೈನಿಕರ ನೆನಪಿಗಾಗಿ 'ಬಲಿದಾನದ ಶಿಲುಬೆ'ಯನ್ನು ನೆಡಲಾಯಿತು. ಬ್ರಿಟಿಷ್ ಸಮವಸ್ತ್ರದಲ್ಲಿ ಸತ್ತ ಕಾರಣ ಬಹುಕಾಲ ಸ್ವದೇಶದಲ್ಲಿ ಯಾರೂ ನೆನೆಯದೆ ಉಳಿದವರಿಗೆ ಕಡೆಗೂ ಒಂದು ಗುರುತು ದೊರೆಯಿತು. ಬೆಂಗಳೂರಿನ ದಂಡುಪ್ರದೇಶದ ಸಂತ ಪ್ಯಾಟ್ರಿಕ್ಕರ ದೇವಾಲಯದ ಹೆಸರಿನಲ್ಲಿ ಐರಿಷ್ ಸಿಪಾಯಿಗಳ ನೆನಪನ್ನು ಉಳಿಸಿಕೊಂಡಿರುವ ನಮಗೂ ಈ ಗುರುತು ಅಪರಿಚಿತವಲ್ಲ.

ಉಪಸಂಹಾರ

ಗ್ಲಾಸ್ನೆವಿನ್ನಿನ ಚರಿತ್ರೆಯಿಂದ ನಾವು ಕಲಿಯಬೇಕಾದ ಪಾಠಗಳು ಹಲವು. ಮೃತರನ್ನು ಹೂಳುವುದು ಕರುಣೆಯ ಕಾರ್ಯಗಳಲ್ಲೊಂದೆಂದು ಧರ್ಮಸಭೆ ಬೋಧಿಸುತ್ತದೆ. ರಾಜನ ಕೋಪಕ್ಕೂ ಅಂಜದೆ ನಿನೆವೆಯ ಬೀದಿಗಳಲ್ಲಿ ಬಿದ್ದಿದ್ದ ಸ್ವಜನರ ಶವಗಳನ್ನು ಹೊತ್ತೊಯ್ದು ಹೂಳುತ್ತಿದ್ದ ತೋಬಿತನನ್ನು ಪವಿತ್ರ ಗ್ರಂಥ ಕೊಂಡಾಡುತ್ತದೆ. ಐರ್ಲೆಂಡಿನ ಬಡ ಕಥೋಲಿಕರು ಬಿಡಿಗಾಸು ಕೂಡಿಸಿ ಮಾಡಿದ್ದೂ ತೋಬಿತನ ಕಾರ್ಯವನ್ನೇ. ತಮಗೆ ಆದ ಅನ್ಯಾಯವನ್ನು ಇನ್ನೊಬ್ಬರ ಮೇಲೆ ಹೊರಿಸದೆ, ಗೆದ್ದ ಹಕ್ಕನ್ನು ಎಲ್ಲರೊಡನೆ ಹಂಚಿಕೊಂಡದ್ದು ಅವರ ಹೆಗ್ಗಳಿಕೆ.

ನಮ್ಮ ಧರ್ಮಕೇಂದ್ರಗಳಲ್ಲಿ ದೇವಾಲಯದ ಗೋಡೆ, ಗಂಟೆ, ಪೀಠಗಳ ಚರಿತ್ರೆಯನ್ನು ಆಸ್ಥೆಯಿಂದ ಬರೆಯುತ್ತೇವೆ. ಸಮಾಧಿಭೂಮಿಯ ಚರಿತ್ರೆಯನ್ನು ಬರೆಯುವವರು ವಿರಳ. ಆ ಗೋಡೆಗಳಿಗೆ ಕಲ್ಲು ಹೊತ್ತವರು, ಆ ಗಂಟೆಗೆ ಕಾಸು ಕೊಟ್ಟವರು, ನಮಗೆ ಜಪಮಾಲೆಯನ್ನು ಹೇಳಿಕೊಟ್ಟ ಅಜ್ಜಿಯರು ಮಲಗಿರುವುದು ಅಲ್ಲಿಯೇ. ಪ್ರತಿಯೊಂದು ಸಮಾಧಿಯನ್ನೂ ಮೃತರ ದಫ್ತರದಲ್ಲಿ ನಮೂದಿಸಬೇಕೆಂದು ಧರ್ಮಸಭೆಯ ಕಾನೂನು ವಿಧಿಸುತ್ತದೆ. ಗೆದ್ದಲು ಹಿಡಿಯುತ್ತಿರುವ ಆ ಹಳೆಯ ಪುಸ್ತಕಗಳನ್ನು ಜೋಪಾನಗೊಳಿಸುವುದು, ಕಲ್ಲಿಲ್ಲದವರ ಹೆಸರುಗಳನ್ನು ಪಟ್ಟಿಮಾಡುವುದು, ನವೆಂಬರ್ ಎರಡರಂದು ನಮ್ಮವರ ಸಮಾಧಿಗೆ ಮೇಣದಬತ್ತಿ ಹಚ್ಚುವಾಗ ಪಕ್ಕದ ಅನಾಮಧೇಯ ದಿಬ್ಬದ ಮೇಲೂ ಒಂದನ್ನು ಹಚ್ಚುವುದು: ಇವು ಶತಮಾನೋತ್ಸವಕ್ಕೆ ತಕ್ಕ ಕಾಣಿಕೆಗಳು. ನಾವು ಇಂದು ನಿರಾತಂಕವಾಗಿ, ಗಟ್ಟಿಯಾದ ಧ್ವನಿಯಲ್ಲಿ ಸಮಾಧಿಯ ಬಳಿ ಸಲ್ಲಿಸುವ ಪ್ರಾರ್ಥನೆಗಾಗಿ ಜಗತ್ತಿನ ಒಂದು ಮೂಲೆಯ ಬಡಜನರು ಎಷ್ಟೋ ಕಾಲ ಮೌನವಾಗಿ ಕಾದಿದ್ದರೆಂಬುದನ್ನು ಸ್ಮರಿಸೋಣ. ಗ್ಲಾಸ್ನೆವಿನ್ನಿನಲ್ಲಿಯೂ ನಮ್ಮೂರಿನ ಮಣ್ಣಿನಲ್ಲಿಯೂ ಮಲಗಿರುವ ಸಕಲ ಮೃತರಿಗೆ ದೇವರು ನಿತ್ಯಶಾಂತಿಯನ್ನು ದಯಪಾಲಿಸಲಿ.